ಬಾಲನಟ–ಹಾಸ್ಯನಟ ಪರಂಪರೆ: ಕಂಪನಿ ನಾಟಕದಿಂದ ಕಿರುತೆರೆಯವರೆಗೆ

ಎಳೆವಯಸ್ಸಿನಲ್ಲಿ ಬಣ್ಣ ಹಚ್ಚಿ, ಹಾಸ್ಯಪಾತ್ರಗಳಲ್ಲಿ ಹೆಸರು ಮಾಡಿ, ಮುಂದೆ ಮಕ್ಕಳ ನಾಟಕ, ಚಲನಚಿತ್ರ ಅಥವಾ ದೂರದರ್ಶನದಲ್ಲಿ ದುಡಿದ ಕಲಾವಿದರ ಸಾಲು ಕನ್ನಡದಲ್ಲಿ ಉದ್ದವಾಗಿದೆ. ಗುಬ್ಬಿ ವೀರಣ್ಣ, ಟಿ. ಆರ್. ನರಸಿಂಹರಾಜು, ಎಂ. ಎಸ್. ಉಮೇಶ್, ಮಾಸ್ಟರ್ ಆನಂದ್ ಈ ಸಾಲಿನ ಬೇರೆ ಬೇರೆ ಕಾಲದವರು. ಇವರ ವೃತ್ತಿಜೀವನಗಳನ್ನು ಒಟ್ಟಿಗೆ ಇಟ್ಟು ನೋಡಿದಾಗ ಒಂದು ಸಂಗತಿ ಎದ್ದು ಕಾಣುತ್ತದೆ: ಕನ್ನಡದಲ್ಲಿ ನಗಿಸುವ ಕಲೆ ಚಿಕ್ಕಂದಿನಿಂದಲೇ ರಂಗದ ನಡುವೆ ಬೆಳೆದವರ ಕೈಯಲ್ಲಿ ಪಳಗಿದೆ. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಸೀಮೆಯೂ ಸೇರಿದಂತೆ ಉತ್ತರ ಕರ್ನಾಟಕದಲ್ಲಿ ಈ ಪರಂಪರೆಗೆ ಬಯಲಾಟ ಮತ್ತು ಕಂಪನಿ ನಾಟಕ ಎಂಬ ಎರಡು ಬೇರುಗಳಿವೆ.

ಜಾನಪದ ಹಿನ್ನೆಲೆ

ಬಯಲಾಟದ ಒಂದು ಬಗೆಯಾದ ದೊಡ್ಡಾಟದಲ್ಲಿ ಸಾರಥಿಯ ಪಾತ್ರ ನಗೆಯ ಮುಖ್ಯ ಆಸರೆ. ಕಿರೀಟ, ಭುಜಕೀರ್ತಿ ಹೊತ್ತು ಆರ್ಭಟಿಸುತ್ತ ಬರುವ ರಾಜನನ್ನು ಸಾರಥಿ ಮಾತಿಗೆಳೆಯುತ್ತಾನೆ. ಯಾರು, ಎತ್ತ, ಬಂದ ಕಾರಣವೇನೆಂದು ಕೇಳಿ ಕಥೆಯನ್ನು ನೆರೆದವರಿಗೆ ತಿಳಿಸುತ್ತಾನೆ. ರಾಜನದು ಗ್ರಾಂಥಿಕ ಭಾಷೆ, ಸಾರಥಿಯದು ಊರವರ ಆಡುಮಾತು. ಇವೆರಡೂ ಒಂದಕ್ಕೊಂದು ತಾಗಿದಲ್ಲೇ ನಗೆ ಹುಟ್ಟುತ್ತದೆ. ಸಣ್ಣಾಟಗಳಲ್ಲಿ, ಅದರಲ್ಲೂ ಶ್ರೀಕೃಷ್ಣ ಪಾರಿಜಾತದಲ್ಲಿ, ಭಾಗವತ ಮತ್ತು ದೂತಿಯರ ಸಂವಾದ ಇದೇ ಕೆಲಸ ಮಾಡುತ್ತದೆ.

ಕರಾವಳಿಯ ಯಕ್ಷಗಾನದಲ್ಲಿ ಕಲಿಕೆಯ ಕ್ರಮ ಇನ್ನಷ್ಟು ಸ್ಪಷ್ಟ. ಹೊಸದಾಗಿ ಮೇಳ ಸೇರಿದ ಹುಡುಗರು ಪೂರ್ವರಂಗದ ಕೋಡಂಗಿ, ಬಾಲಗೋಪಾಲ ವೇಷಗಳಿಂದ ಶುರು ಮಾಡುತ್ತಿದ್ದರು. ತಾಳ, ಹೆಜ್ಜೆ ಕೂಡಿಬಂದ ಮೇಲೆ ದೊಡ್ಡ ವೇಷಗಳು ಸಿಗುತ್ತಿದ್ದವು. ಹಾಸ್ಯಗಾರನಿಗೆ ಮೇಳದಲ್ಲಿ ಪ್ರತ್ಯೇಕ ಸ್ಥಾನವಿದೆ. ಒಂದೇ ರಾತ್ರಿಯಲ್ಲಿ ದೂತ, ಮುದುಕಿ, ಬ್ರಾಹ್ಮಣ, ಅಗಸ ಎಲ್ಲವೂ ಆಗಬೇಕಾದ ಅವನಿಗೆ ಪ್ರಸಂಗಗಳ ನಡೆ ಪೂರ್ತಿ ತಿಳಿದಿರಬೇಕಾಗುತ್ತದೆ.

ಕಂಪನಿ ಎಂಬ ಶಾಲೆ

19ನೆಯ ಶತಮಾನದ ಕೊನೆಯ ಭಾಗದಲ್ಲಿ ವೃತ್ತಿನಾಟಕ ಮಂಡಳಿಗಳು ಬೆಳೆದವು. ಇವುಗಳಲ್ಲಿ ದೊಡ್ಡ ಹೆಸರು 1884ರಲ್ಲಿ ಹುಟ್ಟಿದ ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಸಂಘ. ಉತ್ತರದಲ್ಲಿ ಗದಗಿನ ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿ, ಶಿರಹಟ್ಟಿ ವೆಂಕೋಬರಾಯರ ಕಂಪನಿ, ಏಣಗಿ ಬಾಳಪ್ಪನವರ ಕಲಾವೈಭವ ನಾಟ್ಯ ಸಂಘಗಳು ಊರೂರು ತಿರುಗಿ ಜನರನ್ನು ರಂಜಿಸಿದವು.

ಕಂಪನಿ ಎಂದರೆ ಒಂದು ಸಂಚಾರಿ ಊರೇ ಆಗಿತ್ತು. ಮಾಲೀಕರು, ನಟನಟಿಯರು, ಹಾರ್ಮೋನಿಯಂ ಮಾಸ್ತರು, ತಬಲಾದವರು, ಪರದೆ ಎಳೆಯುವವರು, ಅಡುಗೆಯವರು ಎಲ್ಲರೂ ಒಂದೇ ಕಡೆ ಉಣ್ಣುತ್ತ, ಮಲಗುತ್ತ ಇದ್ದರು. ಕಲಾವಿದರ ಮಕ್ಕಳು ಅಲ್ಲೇ ಬೆಳೆಯುತ್ತಿದ್ದರು. ಲವ, ಕುಶ, ಪ್ರಹ್ಲಾದ, ಲೋಹಿತಾಶ್ವ, ಬಾಲಕೃಷ್ಣ ಪಾತ್ರಗಳಿಗೆ ಹುಡುಗರು ಬೇಕೇಬೇಕಿದ್ದುದರಿಂದ ನಾಲ್ಕೈದು ವರ್ಷದ ಮಕ್ಕಳೂ ರಂಗಕ್ಕೆ ಬಂದರು. ಮೀಸೆ ಮೂಡುವ ವಯಸ್ಸಿಗೆ ಅವರಿಗೆ ಹತ್ತಾರು ನಾಟಕಗಳ ಮಾತು, ಹಾಡು ಬಾಯಿಗೆ ಬರುತ್ತಿದ್ದವು.

ಹಾಸ್ಯನಟರಿಗೆ ಕಂಪನಿಯಲ್ಲಿ ಒಂದು ವಿಶೇಷ ಹೊಣೆ ಇತ್ತು. ಅರಮನೆಯ ದೃಶ್ಯ ಮುಗಿದು ಕಾಡಿನ ದೃಶ್ಯ ಬರಬೇಕಾದರೆ ಒಳಗೆ ಸೀನು ಬದಲಿಸಲು ಸಮಯ ಬೇಕು. ಆಗ ಮುಂದಿನ ಪರದೆ ಬೀಳುತ್ತದೆ. ಅದರ ಮುಂದಿನ ಇಕ್ಕಟ್ಟಾದ ಜಾಗದಲ್ಲಿ ಹಾಸ್ಯದ ಜೋಡಿ ಬಂದು ನಿಲ್ಲುತ್ತದೆ. ಹಿಂದೆ ಹಲಗೆ ಎಳೆಯುವ, ಮೊಳೆ ಹೊಡೆಯುವ ಸದ್ದು ಪ್ರೇಕ್ಷಕರ ಕಿವಿಗೆ ಬೀಳದಂತೆ ಈ ಇಬ್ಬರು ಮಾತು, ಹಾಡು, ಕುಣಿತಗಳಿಂದ ಜನರನ್ನು ಹಿಡಿದಿಡಬೇಕು. ಒಳಗಿನಿಂದ ಸನ್ನೆ ಬಂದರೆ ಎರಡೇ ಮಾತಿನಲ್ಲಿ ಮುಗಿಸಬೇಕು. ಕೆಲಸ ತಡವಾದರೆ ಹೊಸ ಮಾತು ಹುಟ್ಟಿಸಿಕೊಂಡು ಬೆಳೆಸಬೇಕು. ಬರೆದುಕೊಟ್ಟ ಮಾತಿನಾಚೆಗೆ ಹೋಗಿ, ಎದುರಿಗಿರುವ ಜನರ ಉಸಿರು ನೋಡಿಕೊಂಡು ನಗಿಸುವ ಚಾತುರ್ಯ ಕನ್ನಡ ಹಾಸ್ಯನಟರಿಗೆ ಬಂದದ್ದು ಬಹುಮಟ್ಟಿಗೆ ಈ ಜಾಗದಿಂದ.

ಗುಬ್ಬಿ ವೀರಣ್ಣ

ಗುಬ್ಬಿ ವೀರಣ್ಣನವರು (1891–1972) ಬಾಲ್ಯದಲ್ಲೇ ಕಂಪನಿ ಸೇರಿ, ಮುಂದೆ ಅದರ ಒಡೆಯರಾದರು. ನಾಯಕನ ಪಾತ್ರಕ್ಕಿಂತ ಹಾಸ್ಯದ ಪಾತ್ರಗಳೇ ಅವರಿಗೆ ಕೀರ್ತಿ ತಂದವು. ‘ಸದಾರಮೆ’ ನಾಟಕದ ಕಳ್ಳನ ಪಾತ್ರ ಅವರ ಹೆಸರಿನೊಂದಿಗೆ ಬೆಸೆದುಕೊಂಡಿದೆ. ಒಡೆಯನೇ ಹಾಸ್ಯನಟನಾಗಿದ್ದುದರಿಂದ ಗುಬ್ಬಿ ಕಂಪನಿಯಲ್ಲಿ ಹಾಸ್ಯಕ್ಕೆ ಎರಡನೆಯ ದರ್ಜೆಯ ಸ್ಥಾನ ಬರಲಿಲ್ಲ. 1955ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 1972ರಲ್ಲಿ ಪದ್ಮಶ್ರೀ ಅವರಿಗೆ ಸಂದವು. ಅವರ ಆತ್ಮಕಥೆಯ ಹೆಸರು ‘ಕಲೆಯೇ ಕಾಯಕ’.

ಈ ಕಂಪನಿ ಮಕ್ಕಳ ಪಾಲಿಗೆ ಗುರುಕುಲವಾಯಿತು. ತಂದೆ ಪುಟ್ಟಸ್ವಾಮಯ್ಯನವರೊಂದಿಗೆ ಬಂದ ಮುತ್ತುರಾಜ ಮುಂದೆ ರಾಜ್‌ಕುಮಾರ್ ಆದರು. ದಕ್ಷಿಣ ಕನ್ನಡದ ಮಂಚಿಯಿಂದ ಮನೆ ಬಿಟ್ಟು ಬಂದ ಬಿ. ವಿ. ಕಾರಂತರು ಇಲ್ಲಿ ಬಾಲಪಾತ್ರ, ಸ್ತ್ರೀಪಾತ್ರಗಳನ್ನು ಮಾಡಿದರು. ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀ ಇದೇ ರಂಗದಲ್ಲಿ ಮಗುವಾಗಿ ಹೆಜ್ಜೆಯಿಟ್ಟವರು.

ರಂಗದಿಂದ ಬೆಳ್ಳಿತೆರೆಗೆ

1954ರ ‘ಬೇಡರ ಕಣ್ಣಪ್ಪ’ ಕಂಪನಿ ಕಲಾವಿದರನ್ನು ಸಿನಿಮಾಕ್ಕೆ ದಾಟಿಸಿದ ಸೇತುವೆ. ಎಚ್. ಎಲ್. ಎನ್. ಸಿಂಹ ನಿರ್ದೇಶಿಸಿದ ಈ ಚಿತ್ರದಿಂದ ರಾಜ್‌ಕುಮಾರ್, ಜಿ. ವಿ. ಅಯ್ಯರ್, ನರಸಿಂಹರಾಜು ಮೂವರೂ ಬೆಳಕಿಗೆ ಬಂದರು.

ತಿಪಟೂರಿನ ನರಸಿಂಹರಾಜು (1923–1979) ನಾಲ್ಕರ ವಯಸ್ಸಿನಲ್ಲೇ ರಂಗವೇರಿದವರು. ಹಲವು ಕಂಪನಿಗಳಲ್ಲಿ ಪಳಗಿ ಗುಬ್ಬಿ ಕಂಪನಿಗೆ ಬಂದರು. ಬಡಕಲು ಮೈ, ಮುಂದೆ ಬಂದ ಹಲ್ಲು, ನೋವನ್ನೂ ನಗೆಯನ್ನೂ ಒಂದೇ ಗಳಿಗೆಯಲ್ಲಿ ತೋರುವ ಕಣ್ಣು ಅವರ ಬಂಡವಾಳ. 1965ರ ‘ಸತ್ಯ ಹರಿಶ್ಚಂದ್ರ’ದಲ್ಲಿ ಅವರ ನಕ್ಷತ್ರಿಕ ರಾಜನನ್ನು ಸಾಲಕ್ಕಾಗಿ ಕಾಡುತ್ತಲೇ ಪ್ರೇಕ್ಷಕರನ್ನು ನಗಿಸುತ್ತಾನೆ. ಅರಸೀಕೆರೆಯ ಟಿ. ಎನ್. ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಎದುರಿನವರ ತುಟಿಯ ಚಲನೆ ನೋಡಿ ಮಾತಿಗೆ ಮಾತು ಕೂಡಿಸುತ್ತಿದ್ದ ಅವರು ಹಾಸ್ಯಕ್ಕೂ ಖಳಪಾತ್ರಕ್ಕೂ ಸಮನಾಗಿ ಒದಗಿದರು. ಬೆಂಗಳೂರಿನ ಹೊರವಲಯದಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಿದರು.

ಹಾಸ್ಯಕ್ಕೆ ಹೆಣ್ಣುಮಕ್ಕಳು ಕೊಟ್ಟ ಪಾಲೂ ದೊಡ್ಡದು. ರಮಾದೇವಿ, ಎಂ. ಎನ್. ಲಕ್ಷ್ಮೀದೇವಿ ತೆರೆಯ ಮೇಲೆ ನಗೆಯ ಜೋಡಿಗಳಿಗೆ ಜೀವ ತುಂಬಿದರು. ಹಾಸ್ಯಪಾತ್ರಗಳಿಂದ ಮನೆಮಾತಾದ ಉಮಾಶ್ರೀ ‘ಗುಲಾಬಿ ಟಾಕೀಸ್’ ಚಿತ್ರದ ಅಭಿನಯಕ್ಕೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಪಡೆದದ್ದು, ನಗಿಸಬಲ್ಲವರಿಗೆ ಅಳಿಸುವುದೂ ಗೊತ್ತು ಎಂಬುದಕ್ಕೆ ಸಾಕ್ಷಿ.

ಎಂ. ಎಸ್. ಉಮೇಶ್

ಬಾಲನಟನಿಂದ ಹಾಸ್ಯನಟನವರೆಗಿನ ದಾರಿಯನ್ನು ಪೂರ್ತಿ ನಡೆದವರು ಮೈಸೂರಿನ ಎಂ. ಎಸ್. ಉಮೇಶ್ (24 ಏಪ್ರಿಲ್ 1945 – 30 ನವೆಂಬರ್ 2025). ನಾಲ್ಕನೆಯ ವಯಸ್ಸಿಗೆ ಕೆ. ಹಿರಣ್ಣಯ್ಯನವರ ಕಂಪನಿಯಲ್ಲಿ ಬಣ್ಣ ಹಚ್ಚಿದರು. ಗುಬ್ಬಿ ಕಂಪನಿಯಲ್ಲೂ ಬೆಳೆದರು. 1960ರಲ್ಲಿ ಬಿ. ಆರ್. ಪಂತುಲು ನಿರ್ದೇಶಿಸಿದ ‘ಮಕ್ಕಳ ರಾಜ್ಯ’ ಚಿತ್ರದ ಮುಖ್ಯ ಬಾಲಪಾತ್ರ ಅವರದಾಯಿತು.

ಬಾಲನಟರ ಬದುಕಿನಲ್ಲಿ ಕಠಿಣ ಕಾಲ ಬರುವುದು ಇಲ್ಲಿಂದ ಮುಂದೆ. ದನಿ ಒಡೆಯುತ್ತದೆ, ಮುಖ ಬದಲಾಗುತ್ತದೆ, ಮಗುವಿನ ಪಾತ್ರಕ್ಕೂ ದೊಡ್ಡವರ ಪಾತ್ರಕ್ಕೂ ಹೊಂದದ ಕೆಲವು ವರ್ಷಗಳು ಎದುರಾಗುತ್ತವೆ. ಉಮೇಶ್ ಆ ವರ್ಷಗಳಲ್ಲಿ ರಂಗವನ್ನು ಬಿಡಲಿಲ್ಲ. 1976ರಲ್ಲಿ ತೆರೆಕಂಡ ಪುಟ್ಟಣ್ಣ ಕಣಗಾಲರ ‘ಕಥಾ ಸಂಗಮ’ ಅವರನ್ನು ಮತ್ತೆ ಚಿತ್ರರಂಗಕ್ಕೆ ತಂದಿತು. ಆಮೇಲೆ ನೂರಾರು ಚಿತ್ರಗಳಲ್ಲಿ ಅವರು ಕಾಣಿಸಿಕೊಂಡರು. 1981ರ ‘ಗುರು ಶಿಷ್ಯರು’ ಚಿತ್ರದ ಮಂದಬುದ್ಧಿಯ ಶಿಷ್ಯರ ಗುಂಪಿನಲ್ಲಿ ಅವರಿದ್ದರು. 1990ರ ‘ಗೋಲ್‌ಮಾಲ್ ರಾಧಾಕೃಷ್ಣ’ದಲ್ಲಿ ಅವರು ಮಾಡಿದ ಸೀತಾಪತಿ, ಎಡವಟ್ಟು ಮಾಡಿಕೊಂಡು ಅಪಾರ್ಥ ಮಾಡಿಕೊಳ್ಳಬೇಡಿ ಎಂದು ಗೋಗರೆಯುವವನು, ಇಂದಿಗೂ ಜನರ ನಾಲಿಗೆಯ ಮೇಲಿದ್ದಾನೆ. ಪಾತ್ರ ಎಷ್ಟು ಚಿಕ್ಕದಾದರೂ ಸರಿ, ಕತ್ತಿನ ಒಂದು ಕೊಂಕು, ಬಾಯಿಯ ಒಂದು ಸೊಟ್ಟ, ಮಾತಿನ ನಡುವಿನ ಒಂದು ತಡವರಿಕೆಯಿಂದ ಅದಕ್ಕೊಂದು ಗುರುತು ಕೊಡುತ್ತಿದ್ದರು. ಮುಂದೆ ಕಿರುತೆರೆಯ ಹಾಸ್ಯ ಧಾರಾವಾಹಿಗಳಲ್ಲೂ ಇದೇ ಹದ ಅವರ ಕೈಹಿಡಿಯಿತು.

ಉತ್ತರ ಕರ್ನಾಟಕದ ನಗೆ

ಕೆ. ಹಿರಣ್ಣಯ್ಯನವರ ಮಗ ಮಾಸ್ಟರ್ ಹಿರಣ್ಣಯ್ಯ (1934–2019) ‘ಲಂಚಾವತಾರ’, ‘ನಡುಬೀದಿ ನಾರಾಯಣ’ ನಾಟಕಗಳಿಂದ ಹಾಸ್ಯವನ್ನು ರಾಜಕೀಯ ವಿಡಂಬನೆಯಾಗಿಸಿದರೆ, ಉತ್ತರದ ಕಂಪನಿಗಳು ಮನೆಮಾರು, ಹೊಲ, ಗೌಡಕಿ, ಮದುವೆಗಳ ಸುತ್ತ ನಗೆಯನ್ನು ಹೆಣೆದವು. ಪಿ. ಬಿ. ಧುತ್ತರಗಿಯವರ ‘ಮುದುಕನ ಮದುವೆ’, ‘ಸಂಪತ್ತಿಗೆ ಸವಾಲ್’ ಈ ಬಗೆಯ ಹೆಸರಾಂತ ನಾಟಕಗಳು. ಎರಡನೆಯದು 1974ರಲ್ಲಿ ರಾಜ್‌ಕುಮಾರ್ ಅಭಿನಯದ ಚಿತ್ರವೂ ಆಯಿತು. ದಾವಣಗೆರೆಯ ಚಿಂದೋಡಿ ಮನೆತನದ ಕೆ. ಬಿ. ಆರ್. ಡ್ರಾಮಾ ಕಂಪನಿಯನ್ನು ಚಿಂದೋಡಿ ಲೀಲಾ ಮುನ್ನಡೆಸಿದರು. ಬಾದಾಮಿಯ ಬನಶಂಕರಿ ಜಾತ್ರೆ, ಶಿರಸಿಯ ಮಾರಿಕಾಂಬಾ ಜಾತ್ರೆಗಳಲ್ಲಿ ಕಂಪನಿಗಳ ಟೆಂಟುಗಳು ಸಾಲಾಗಿ ನಿಲ್ಲುವುದು ಇಂದಿಗೂ ನಡೆದುಬಂದಿದೆ.

ಹಾವೇರಿ ಸೀಮೆಯ ಹಳ್ಳಿಗಳಲ್ಲಿ ಇದಕ್ಕೆ ಸಮಾನಾಂತರವಾಗಿ ಊರವರೇ ಆಡುವ ನಾಟಕಗಳಿವೆ. ಸುಗ್ಗಿ ಮುಗಿದ ಮೇಲೆ ಹುಡುಗರು ಸೇರಿ ಮಾಸ್ತರನ್ನು ಗೊತ್ತು ಮಾಡುತ್ತಾರೆ. ಗುಡಿಯ ಕಟ್ಟೆಯ ಮೇಲೋ ಶಾಲೆಯ ಅಂಗಳದಲ್ಲೋ ರಾತ್ರಿ ತಾಲೀಮು ನಡೆಯುತ್ತದೆ. ಸೀನು, ಲೈಟು ಬಾಡಿಗೆಗೆ ಬರುತ್ತವೆ. ಸ್ತ್ರೀಪಾತ್ರಕ್ಕೆ ಗದಗ, ಹುಬ್ಬಳ್ಳಿ ಕಡೆಯ ವೃತ್ತಿಕಲಾವಿದೆಯರನ್ನು ಕರೆಸುತ್ತಾರೆ. ಹಾಸ್ಯದ ಪಾರ್ಟು ಯಾರಿಗೆ ಎಂಬುದು ಆರಂಭದಲ್ಲೇ ತೀರ್ಮಾನವಾಗುತ್ತದೆ, ಏಕೆಂದರೆ ನಾಟಕ ಗೆಲ್ಲುವುದೂ ಬೀಳುವುದೂ ಅದರ ಮೇಲೆ. ಹಾನಗಲ್ಲ ತಾಲೂಕಿನ ಶೇಷಗಿರಿ ಗ್ರಾಮದ ಶ್ರೀ ಗಜಾನನ ಯುವಕ ಮಂಡಳ ಹಳ್ಳಿಯಲ್ಲಿದ್ದುಕೊಂಡೇ ಆಧುನಿಕ ನಾಟಕಗಳನ್ನು ಆಡಿ ಹೆಸರು ಗಳಿಸಿದ ತಂಡ.

ವಿಜಯಪುರ ಜಿಲ್ಲೆಯ ಉಕ್ಕಲಿಯವರಾದ ಯಶವಂತ ಸರದೇಶಪಾಂಡೆ ನೀನಾಸಮ್ ರಂಗಶಾಲೆಯಲ್ಲಿ ಕಲಿತು, ‘ಆಲ್ ದ ಬೆಸ್ಟ್’, ‘ರಾಶಿಚಕ್ರ’ ನಾಟಕಗಳ ಮೂಲಕ ಹುಬ್ಬಳ್ಳಿ–ಧಾರವಾಡದ ಆಡುಮಾತಿನ ಹಾಸ್ಯವನ್ನು ರಾಜ್ಯದ ಎಲ್ಲೆಡೆ ಒಯ್ದರು. ಧಾರವಾಡ ರಂಗಾಯಣದ ನಿರ್ದೇಶಕರಾಗಿಯೂ ದುಡಿದ ಅವರು 29 ಸೆಪ್ಟೆಂಬರ್ 2025ರಂದು ತೀರಿಕೊಂಡರು.

ಮಕ್ಕಳ ರಂಗಭೂಮಿ, ಬಾನುಲಿ

ಕಂಪನಿಗಳು ಕುಗ್ಗಿದಂತೆ ಮಕ್ಕಳಿಗೆ ರಂಗಶಿಕ್ಷಣ ಕೊಡುವ ಕೆಲಸ ಹವ್ಯಾಸಿ ತಂಡಗಳ ಪಾಲಿಗೆ ಬಂತು. ಬಿ. ವಿ. ಕಾರಂತ ಮತ್ತು ಪ್ರೇಮಾ ಕಾರಂತ ದಂಪತಿ ಬೆನಕ ತಂಡದ ಮೂಲಕ ಮಕ್ಕಳ ನಾಟಕಗಳಿಗೆ ಹೊಸ ದಾರಿ ತೆರೆದರು. ದೊಡ್ಡವರ ನಾಟಕವನ್ನು ಕಿರಿದು ಮಾಡಿ ಮಕ್ಕಳ ಬಾಯಲ್ಲಿ ತುರುಕುವ ಪದ್ಧತಿ ಬಿಟ್ಟು, ಮಕ್ಕಳ ಆಟ, ಹಾಡು, ಗದ್ದಲಗಳಿಂದಲೇ ನಾಟಕ ಕಟ್ಟುವುದು ಅವರ ಕ್ರಮ. ಕಾರಂತರು 1989ರಲ್ಲಿ ಮೈಸೂರಿನಲ್ಲಿ ಕಟ್ಟಿದ ರಂಗಾಯಣದ ಬೇಸಿಗೆಯ ಚಿನ್ನರ ಮೇಳ ಇದೇ ಹಾದಿಯದು. ಕೋಟದ ಸಾಲಿಗ್ರಾಮ ಮಕ್ಕಳ ಮೇಳ 1970ರ ದಶಕದಿಂದ ಮಕ್ಕಳ ಕೈಯಲ್ಲೇ ಯಕ್ಷಗಾನ ಆಡಿಸಿತು.

ಬಾನುಲಿಯಲ್ಲಿ ಹಾಸ್ಯಕ್ಕೆ ಸಿಕ್ಕ ದೊಡ್ಡ ದನಿ ಎ. ಎಸ್. ಮೂರ್ತಿ (1929–2012). ಬೆಂಗಳೂರು ಆಕಾಶವಾಣಿಯ ‘ಈರಣ್ಣ’ನಾಗಿ ಮನೆಮನೆಗೆ ಪರಿಚಿತರಾದ ಅವರು ಬೀದಿನಾಟಕಗಳಲ್ಲಿ ತೊಡಗಿದರು, ‘ಅಭಿನಯ ತರಂಗ’ ರಂಗಶಾಲೆಯನ್ನು ನಡೆಸಿದರು.

ಕಿರುತೆರೆ

ದೂರದರ್ಶನದಲ್ಲಿ ಮಕ್ಕಳ ಲೋಕವನ್ನು ಚಿತ್ರಿಸಿದ ಕೃತಿಗಳಲ್ಲಿ ಶಂಕರ್ ನಾಗ್ ನಿರ್ದೇಶನದ ‘ಮಾಲ್ಗುಡಿ ಡೇಸ್’ ಮೊದಲು ನೆನಪಾಗುವಂಥದು. ಆರ್. ಕೆ. ನಾರಾಯಣ್ ಕಥೆಗಳ ಈ ಸರಣಿ 1980ರ ದಶಕದ ಉತ್ತರಾರ್ಧದಲ್ಲಿ ರಾಷ್ಟ್ರೀಯ ಜಾಲದಲ್ಲಿ ಬಂತು. ಭಾಷೆ ಹಿಂದಿ, ಇಂಗ್ಲಿಷ್ ಆದರೂ ಆಗುಂಬೆಯ ಬೀದಿ, ಕನ್ನಡದ ರಂಗನಟರು, ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ್ ಕಾರ್ನಾಡ್ ಸೇರಿ ಇದನ್ನು ಕನ್ನಡದ್ದೇ ಆಸ್ತಿ ಮಾಡಿದರು. ಪರೀಕ್ಷೆ, ಕ್ರಿಕೆಟ್, ಮೇಷ್ಟ್ರ ಬೆತ್ತ, ಅಜ್ಜಿಯ ಮಡಿಲುಗಳ ನಡುವೆ ಹುಟ್ಟುವ ಇದರ ನಗೆಗೆ ಕೂಗಾಟ ಬೇಕಾಗಲಿಲ್ಲ.

ಹಾಸ್ಯ ಧಾರಾವಾಹಿಯಲ್ಲಿ ಸಿಹಿಕಹಿ ಚಂದ್ರು ಮುಖ್ಯರು. ದೂರದರ್ಶನದ ‘ಸಿಹಿಕಹಿ’ ಧಾರಾವಾಹಿಯ ಹೆಸರೇ ಅವರಿಗೆ ಅಂಟಿಕೊಂಡಿತು. 2000ರ ದಶಕದಲ್ಲಿ ಈಟಿವಿ ಕನ್ನಡದ ‘ಪಾಪ ಪಾಂಡು’, ‘ಸಿಲ್ಲಿ ಲಲ್ಲಿ’ ಊಟದ ಹೊತ್ತಿನ ಸಂಗಾತಿಗಳಾದವು. ‘ಸಿಲ್ಲಿ ಲಲ್ಲಿ’ಯ ಡಾ. ವಿಠ್ಠಲರಾವ್ (ರವಿಶಂಕರ್ ಗೌಡ), ಸಮಾಜಸೇವಕಿ ಲಲಿತಾಂಬ (ಮಂಜುಭಾಷಿಣಿ) ಮಕ್ಕಳಿಗೂ ಅಚ್ಚುಮೆಚ್ಚು. ನಿಗದಿತ ಪಾತ್ರ, ಮರುಕಳಿಸುವ ಮಾತು, ಸಣ್ಣ ತಪ್ಪಿನಿಂದ ಬೆಳೆಯುವ ಗೊಂದಲ ಎಂಬ ಕಂಪನಿ ಹಾಸ್ಯದ ಸೂತ್ರಗಳೇ ಇಲ್ಲೂ ದುಡಿದವು.

ಬಾಲನಟ, ಹಾಸ್ಯನಟ, ಮಕ್ಕಳ ಕಾರ್ಯಕ್ರಮದ ನಿರೂಪಕ ಎಂಬ ಮೂರನ್ನೂ ಒಬ್ಬರಲ್ಲೇ ಕಾಣಬೇಕೆಂದರೆ ಮಾಸ್ಟರ್ ಆನಂದ್ ಅವರನ್ನು ನೋಡಬೇಕು. ‘ಕಿಂದರಿಜೋಗಿ’ (1989), ‘ಗೌರಿ ಗಣೇಶ’ (1991) ಚಿತ್ರಗಳ ತುಂಟ ಹುಡುಗ ಬೆಳೆದು ‘ಪಡುವಾರಳ್ಳಿ ಪಡ್ಡೆಗಳು’, ‘ಎಸ್ಸೆಸ್ಸೆಲ್ಸಿ ನನ್ ಮಕ್ಳು’ ಹಾಸ್ಯ ಧಾರಾವಾಹಿಗಳಲ್ಲಿ ದುಡಿದರು. 2016ರಲ್ಲಿ ಜೀ ಕನ್ನಡ ಆರಂಭಿಸಿದ ಮಕ್ಕಳ ಅಭಿನಯ ಸ್ಪರ್ಧೆ ‘ಡ್ರಾಮಾ ಜ್ಯೂನಿಯರ್ಸ್’ಗೆ ಅವರೇ ನಿರೂಪಕರಾದರು. ಅಳುಕುವ ಮಗುವಿನ ಎತ್ತರಕ್ಕೆ ಬಗ್ಗಿ, ಅದರ ತಪ್ಪನ್ನೇ ನಗೆಯಾಗಿ ತಿರುಗಿಸಿ ಧೈರ್ಯ ತುಂಬುವ ಅವರ ಕೌಶಲದ ಹಿಂದೆ ಸ್ವಂತ ಬಾಲ್ಯದ ಅನುಭವವಿದೆ. ಅಲ್ಲಿ ತೀರ್ಪುಗಾರರಾಗಿದ್ದ ವಿಜಯ ರಾಘವೇಂದ್ರ ಅವರೂ ‘ಚಿನ್ನಾರಿ ಮುತ್ತ’ನಾಗಿ ಮಕ್ಕಳ ಮನಸ್ಸು ಗೆದ್ದವರು, ‘ಕೊಟ್ರೇಶಿ ಕನಸು’ ಚಿತ್ರಕ್ಕೆ ಶ್ರೇಷ್ಠ ಬಾಲನಟ ರಾಷ್ಟ್ರಪ್ರಶಸ್ತಿ ಪಡೆದವರು.

ಮನೆತನದ ಕೊಂಡಿಯೂ ಕಿರುತೆರೆಯಲ್ಲಿ ಮುಂದುವರಿದಿದೆ. 1934ರ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ದಲ್ಲಿ ಇಂದ್ರಜಿತುವಾದ ಎಂ. ವಿ. ಸುಬ್ಬಯ್ಯ ನಾಯ್ಡು ಕಂಪನಿ ರಂಗಭೂಮಿಯವರು. ಅವರ ಮಗ ಲೋಕೇಶ್ ಸಿನಿಮಾದಲ್ಲಿ ಹೆಸರಾದರು. ಮೊಮ್ಮಗ ಸೃಜನ್ ಲೋಕೇಶ್ 2015ರಲ್ಲಿ ‘ಮಜಾ ಟಾಕೀಸ್’ ಹಾಸ್ಯ ಕಾರ್ಯಕ್ರಮ ಆರಂಭಿಸಿದರು.

ಹಾವೇರಿ ಜಿಲ್ಲೆಗೂ ಈ ಲೋಕದಲ್ಲಿ ಪಾಲಿದೆ. ‘ಕಾಮಿಡಿ ಕಿಲಾಡಿಗಳು’ ಸ್ಪರ್ಧೆಯ ತೀರ್ಪುಗಾರರಲ್ಲೊಬ್ಬರಾಗಿದ್ದ ಚಿತ್ರನಿರ್ದೇಶಕ ಯೋಗರಾಜ್ ಭಟ್ ಬೆಳೆದದ್ದು ಹಾನಗಲ್ಲ ತಾಲೂಕಿನ ತಿಳವಳ್ಳಿಯಲ್ಲಿ. ಸವಣೂರು ಸೀಮೆಯ ಚಿಲ್ಲೂರಬಡ್ನಿ ತಾಂಡಾದ ಕುರಿಗಾಹಿ ಗಾಯಕ ಹನುಮಂತ ಲಮಾಣಿ ಕಿರುತೆರೆಯ ಹಾಡಿನ ಸ್ಪರ್ಧೆ ‘ಸರಿಗಮಪ’ದಿಂದ ಪರಿಚಿತರಾಗಿ, 2025ರ ಜನವರಿಯಲ್ಲಿ ‘ಬಿಗ್ ಬಾಸ್ ಕನ್ನಡ’ 11ನೆಯ ಆವೃತ್ತಿ ಗೆದ್ದರು. ಹಾಡಿನಷ್ಟೇ ಅವರ ಹಳ್ಳಿಯ ಮಾತಿನ ಮುಗ್ಧ ಹಾಸ್ಯವೂ ಜನರನ್ನು ಸೆಳೆಯಿತು.

ಬಾಲನಟರ ರಕ್ಷಣೆ

ಕಂಪನಿಯಲ್ಲಿ ಬೆಳೆದ ಮಕ್ಕಳಲ್ಲಿ ಹಲವರಿಗೆ ಶಾಲೆ ತಪ್ಪಿತು, ನಿದ್ದೆ ಕೆಟ್ಟಿತು. ಇದು ಆ ಪರಂಪರೆಯ ಕಹಿ ಮುಖ. ಇಂದು ಬಾಲಕಾರ್ಮಿಕ ಕಾಯ್ದೆಯ 2016ರ ತಿದ್ದುಪಡಿ ಮತ್ತು 2017ರ ನಿಯಮಗಳು ಬಾಲಕಲಾವಿದರಿಗೆ ರಕ್ಷಣೆ ನೀಡುತ್ತವೆ. ಮಗುವನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು, ವಿರಾಮವಿಲ್ಲದೆ 3 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಗಳಿಕೆಯಲ್ಲಿ ಕನಿಷ್ಠ ಶೇ. 20ರಷ್ಟನ್ನು ಮಗುವಿನ ಹೆಸರಿನಲ್ಲಿ ಠೇವಣಿ ಇಡಬೇಕು. ಓದು ನಿಲ್ಲಬಾರದು.

ಹೊರನಾಡಿನ ಒಂದು ಮಾದರಿ

ಚಿಕ್ಕ ಭಾಷೆಯೊಂದು ತನ್ನ ಮಕ್ಕಳಿಗಾಗಿ ಏನು ಮಾಡಬಹುದು ಎಂಬುದಕ್ಕೆ ಬ್ರಿಟನ್ನಿನ ವೇಲ್ಸ್ ನಾಡು ಒಂದು ಮಾದರಿ. ಆ ನಾಡಿನಲ್ಲಿ ವೆಲ್ಷ್ ಭಾಷೆಗೆಂದೇ 1982ರಲ್ಲಿ ಎಸ್‌4ಸಿ ವಾಹಿನಿ ಹುಟ್ಟಿತು. ‘ಸೂಪರ್‌ಟೆಡ್’, ‘ಫೈರ್‌ಮನ್ ಸ್ಯಾಮ್’ ಸರಣಿಗಳು ಅಲ್ಲಿಂದ ಹೊರಟು ಜಗತ್ತು ಸುತ್ತಿದವು. ಪುಟಾಣಿಗಳಿಗೆ 2008ರಿಂದ ಪ್ರತ್ಯೇಕ ಕಾರ್ಯಕ್ರಮ ಸೇವೆಯೇ ಇದೆ. 2021ರ ಜನಗಣತಿಯಂತೆ ವೇಲ್ಸ್‌ನಲ್ಲಿ ಆ ಭಾಷೆ ಆಡುವವರು ಸುಮಾರು 5.4 ಲಕ್ಷ. ಕನ್ನಡವನ್ನು ಮಾತೃಭಾಷೆಯೆಂದು ಬರೆಸಿದವರಾದರೋ 2011ರ ಜನಗಣತಿಯಲ್ಲಿ 4.37 ಕೋಟಿ. ಆದರೂ ಇಲ್ಲಿನ ಮಕ್ಕಳಿಗೆ ಅಂಥ ಸೌಲಭ್ಯವಿಲ್ಲ.

ಇಂದಿನ ಸ್ಥಿತಿ

ಕನ್ನಡದಲ್ಲಿ ಮಕ್ಕಳಿಗೆಂದೇ 2009ರಲ್ಲಿ ಚಿಂಟು ಟಿವಿ ಆರಂಭವಾಯಿತು. ಅದರ ಬಹುಪಾಲು ಹೊರಗಿನ ಕಾರ್ಟೂನುಗಳ ಡಬ್ಬಿಂಗ್. ಉಳಿದ ವಾಹಿನಿಗಳಲ್ಲಿ ಮಕ್ಕಳು ಕಾಣಿಸುವುದು ಹೆಚ್ಚಾಗಿ ವಾರಾಂತ್ಯದ ಸ್ಪರ್ಧೆಗಳಲ್ಲಿ. ಸ್ಪರ್ಧೆಯಿಂದ ಪ್ರತಿಭೆ ಬೆಳಕಿಗೆ ಬರುವುದು ನಿಜ. ಆದರೆ ಅದು ಒಬ್ಬರನ್ನು ಗೆಲ್ಲಿಸಿ ಉಳಿದವರನ್ನು ಮನೆಗೆ ಕಳಿಸುತ್ತದೆ. ಮಕ್ಕಳು ದೊಡ್ಡವರನ್ನು ನಗಿಸುವ ವೇದಿಕೆಯಾಗುತ್ತದೆಯೇ ಹೊರತು ಮಕ್ಕಳನ್ನು ನಗಿಸುವ ಕಾರ್ಯಕ್ರಮವಾಗುವುದಿಲ್ಲ. ಕಂಪನಿಯಲ್ಲಿ ಮಗುವಿಗೆ ಸಿಗುತ್ತಿದ್ದ ನಿತ್ಯದ ಕಲಿಕೆ, ಹಿರಿಯರ ಸಹವಾಸ, ಸೋತರೂ ಮರುದಿನ ಮತ್ತೆ ರಂಗಕ್ಕೆ ಹೋಗುವ ಅವಕಾಶಗಳು ಇಲ್ಲಿಲ್ಲ.

ಕನ್ನಡಕ್ಕೆ ನಟರ ಕೊರತೆಯಿಲ್ಲ, ಕಥೆಗಳ ಕೊರತೆಯೂ ಇಲ್ಲ. ಪ್ರತಿ ತಾಲೂಕಿನಲ್ಲೂ ವರ್ಷವಿಡೀ ನಡೆಯುವ ಮಕ್ಕಳ ರಂಗಶಾಲೆ, ಕನ್ನಡದ ಒಂದು ವಾಹಿನಿಯಲ್ಲಾದರೂ ದಿನಕ್ಕೆ ಅರ್ಧ ತಾಸು ಕನ್ನಡದಲ್ಲೇ ಹುಟ್ಟಿದ ಮಕ್ಕಳ ಹಾಸ್ಯ ಕಾರ್ಯಕ್ರಮ: ಇವೆರಡೂ ಕೈಗೆಟುಕುವ ಕೆಲಸಗಳು. ಸರ್ಕಾರ, ಅಕಾಡೆಮಿಗಳು, ವಾಹಿನಿಗಳು ಇವನ್ನು ಕೈಗೆತ್ತಿಕೊಳ್ಳಬೇಕು. ಅಲ್ಲಿಯವರೆಗೆ ಊರಿನ ಶಾಲೆಯಲ್ಲಿ ಮಕ್ಕಳ ನಾಟಕ ನಡೆದಾಗ ಹೋಗಿ ಮುಂದಿನ ಸಾಲಿನಲ್ಲಿ ಕೂತು ನೋಡುವುದು, ನಕ್ಕು ಚಪ್ಪಾಳೆ ತಟ್ಟುವುದು ಪ್ರತಿಯೊಬ್ಬ ಕನ್ನಡಿಗನೂ ಮಾಡಬಹುದಾದ ಕೆಲಸ.